ಕುರುಗೋಡು ಸೀಮೆಯ ಕಾಳಾಮುಖರು

ಬಳ್ಳಾರಿಯ ಪಶ್ಚಿಮಕ್ಕಿರುವ ಕುಡತಿನಿಯ ಸಮೀಪದಲ್ಲಿ ಪ್ರಾಚೀನವಾದ ಒಂದು ಬೂದಿಯ ದಿಬ್ಬವುಂಟು. ಭೀಮಸೇನನಿಂದ ಹತನಾದ ಹಿಡಿಂಬಾಸುರನನ್ನು ದಹಿಸಿದ ಸ್ಥಳವಿದೆಂದು ಜನರು ಹೇಳುತ್ತ ಬಂದರು. 1957ರಲ್ಲಿ ಆಲ್ಚಿನ್ ಎಂಬ ವಿದ್ವಾಂಸರು ಉಟ್ನೂರಿನಲ್ಲಿದ್ದ ಇಂತಹುದೇ ದಿಬ್ಬವನ್ನು ಅಗೆದು ಪರೀಕ್ಷಿಸಿದರು. ನವಶಿಲಾಯುಗದ ಗೋಪಾಲಕರ ದೊಡ್ಡಿಗಳಲ್ಲಿ ರಾಶಿಬಿದ್ದ ಸಗಣಿಯು ಸುಟ್ಟು ಆ ಬೂದಿಯಾಯಿತೆಂಬುದು ಆಗ ತಿಳಿದುಬಂದಿತು. ಅಲ್ಲಿ ಅಸುರನೂ ಇರಲಿಲ್ಲ, ಚಿತೆಯೂ ಇರಲಿಲ್ಲ.

ಬೂದಿಯನ್ನು ಕಂಡಲ್ಲಿ ಭಯಂಕರವಾದ ಕಥೆಯನ್ನು ಕಟ್ಟುವುದು ಲೋಕದ ಸ್ವಭಾವವೆಂದು ತೋರುತ್ತದೆ. ಇದೇ ಸೀಮೆಯಲ್ಲಿ ಭಸ್ಮವನ್ನೇ ಭೂಷಣವಾಗಿ ಧರಿಸಿ ಬಾಳಿದ ಒಂದು ಯತಿಪರಂಪರೆಗೂ ಅದೇ ಗತಿಯಾಯಿತು. ಆ ಯತಿಗಳೇ ಕಾಳಾಮುಖರು.

ಬಳ್ಳಾರಿಯ ವಾಯವ್ಯಕ್ಕಿರುವ ಕುರುಗೋಡಿಗೆ ಇಂದು ಹೋಗುವವರು ದೊಡ್ಡಬಸವೇಶ್ವರನ ದರ್ಶನಕ್ಕಾಗಿ ಹೋಗುವರು. ಬೆಟ್ಟದ ಬುಡದಲ್ಲಿರುವ ಚಾಳುಕ್ಯಶೈಲಿಯ ಹಳೆಯ ಗುಡಿಗಳ ಕಡೆಗೆ ತಿರುಗಿ ನೋಡುವವರು ವಿರಳ. ಹನ್ನೆರಡನೆಯ ಶತಮಾನದಲ್ಲಾದರೋ ಈ ಊರು ಬಲ್ಲಕುಂದೆ ಮುನ್ನೂರೆಂಬ ನಾಡಿಗೆ ರಾಜಧಾನಿಯಾಗಿದ್ದಿತು. ಸಿರುಗುಪ್ಪೆ ತಾಲ್ಲೂಕಿನ ಬಲಕುಂದಿ ಗ್ರಾಮವು ಆ ನಾಡಿನ ಹೆಸರನ್ನು ಇನ್ನೂ ಉಳಿಸಿಕೊಂಡಿದೆ. ಮೊದಲು ಕಲ್ಯಾಣದ ಚಾಳುಕ್ಯರಿಗೂ ಅನಂತರ ಕಳಚುರ್ಯರಿಗೂ ಅಧೀನರಾಗಿ ಸಿಂದವಂಶದವರು ಇಲ್ಲಿ ಆಳಿದರು. ಅವರಲ್ಲಿ ರಾಚಮಲ್ಲನ ಹೆಸರು ಪ್ರಸಿದ್ಧವಾದುದು. ಇಲ್ಲಿಯ ಸ್ವಯಂಭು ದೇವಾಲಯಕ್ಕೆ ಸಂದ ದತ್ತಿಗಳನ್ನು ಹೇಳುವ ಶಾಸನಗಳನ್ನು ಬಾರ್ನೆಟ್ ಪಂಡಿತರು ‘ಎಪಿಗ್ರಾಫಿಯಾ ಇಂಡಿಕಾ’ ಸಂಪುಟಗಳಲ್ಲಿ ಪ್ರಕಟಿಸಿದರು. ಕಾಳಾಮುಖರ ನೆಲೆಗಳಲ್ಲಿ ಕುರುಗೋಡೂ ಒಂದಾಗಿದ್ದಿತು. ಆ ಕಾಲದಲ್ಲಿ ದಾನಮಾಡುವ ಅರಸನು ಆಚಾರ್ಯನ ಪಾದಗಳನ್ನು ತೊಳೆದು, ನೀರೆರೆದು ಭೂಮಿಯನ್ನು ಒಪ್ಪಿಸುವುದು ಪದ್ಧತಿ. ಅರಸರಿಂದ ಪಾದಪೂಜೆಯನ್ನು ಕೈಕೊಂಡ ಇವರು ಎಂತಹವರು?

ಈ ಪ್ರಶ್ನೆಗೆ ಗ್ರಂಥಗಳು ಕೊಡುವ ಉತ್ತರವೊಂದು, ಕಲ್ಲುಗಳು ಕೊಡುವ ಉತ್ತರವೊಂದು.

ಯಾಮುನಾಚಾರ್ಯರು ‘ಆಗಮಪ್ರಾಮಾಣ್ಯ’ದಲ್ಲಿಯೂ, ಅವರನ್ನನುಸರಿಸಿ ರಾಮಾನುಜಾಚಾರ್ಯರು ‘ಶ್ರೀಭಾಷ್ಯ’ದಲ್ಲಿಯೂ ಕಾಳಾಮುಖರನ್ನು ಅವೈದಿಕ ಶೈವರ ಸಾಲಿನಲ್ಲಿ ಎಣಿಸಿರುವರು. ತಲೆಯೋಡಿನಲ್ಲಿ ಊಟಮಾಡುವುದು, ಶವಭಸ್ಮವನ್ನು ಮೈಗೆ ಬಳಿದುಕೊಳ್ಳುವುದು, ಅದನ್ನೇ ತಿನ್ನುವುದು, ದೊಣ್ಣೆಯನ್ನು ಹಿಡಿಯುವುದು, ಸುರೆಯ ಕುಂಭವನ್ನು ಸ್ಥಾಪಿಸುವುದು, ಅದರಲ್ಲಿ ದೇವತೆಯನ್ನು ಪೂಜಿಸುವುದು, ಇವೇ ಇಹಪರಸಾಧನಗಳೆಂದು ಅವರು ನಂಬಿದ್ದರೆಂಬುದು ಅಲ್ಲಿಯ ವರ್ಣನೆ. ಕಾಳಾಮುಖರ ಗ್ರಂಥಗಳು ಉಳಿದುಬಾರದುದರಿಂದ ಈ ವರ್ಣನೆಗೆ ಎದುರುಮಾತನ್ನಾಡುವವರೇ ಇಲ್ಲದೆಹೋದರು. ವಾದಿಯ ಮಾತೇ ತೀರ್ಪೆಂದು ಶತಮಾನಗಳವರೆಗೆ ನಡೆದುಬಂದಿತು.

ಇನ್ನು ಕಲ್ಲುಗಳ ಸಾಕ್ಷ್ಯವನ್ನು ಕೇಳಬೇಕು. ಈ ಪಂಥದಲ್ಲಿ ಶಕ್ತಿಪರ್ಷೆ, ಸಿಂಹಪರ್ಷೆ ಎಂದು ಎರಡು ಶಾಖೆಗಳಿದ್ದುವು. ಮೊದಲನೆಯದಕ್ಕೆ ಬಳ್ಳಿಗಾವೆಯ ಕೇದಾರೇಶ್ವರಸ್ಥಾನವೂ ಅಲ್ಲಿಯ ಕೋಡಿಯಮಠವೂ ಮುಖ್ಯ ಕೇಂದ್ರಗಳು. ಇವರ ಹೆಸರುಗಳು ಹೆಚ್ಚಾಗಿ ಶಕ್ತಿ, ರಾಶಿ, ಆಭರಣ ಎಂಬ ಪದಗಳಿಂದ ಕೊನೆಗೊಳ್ಳುವುವು. ಯಮ, ನಿಯಮ, ಸ್ವಾಧ್ಯಾಯ, ಧ್ಯಾನ, ಧಾರಣ, ಮೌನ, ಜಪ, ಸಮಾಧಿಗಳಲ್ಲಿ ನಿರತರೆಂದು ಶಾಸನಗಳು ಇವರನ್ನು ಮತ್ತೆ ಮತ್ತೆ ಹೊಗಳುವುವು. ಕೋಡಿಯಮಠದ 1162ರ ಶಾಸನವಂತೂ ಒಂದು ವಿದ್ಯಾಪೀಠದ ಚಿತ್ರವನ್ನೇ ಮುಂದಿಡುವುದು. ಅಲ್ಲಿ ವೇದಗಳು, ಹಲವು ವ್ಯಾಕರಣಗಳು, ನ್ಯಾಯ, ವೈಶೇಷಿಕ, ಮೀಮಾಂಸೆ, ಸಾಂಖ್ಯ, ಬೌದ್ಧಾದಿ ದರ್ಶನಗಳು, ಲಾಕುಲ ಸಿದ್ಧಾಂತ, ಪಾತಂಜಲ ಯೋಗ, ಪುರಾಣಗಳು ವ್ಯಾಖ್ಯಾನಗೊಳ್ಳುತ್ತಿದ್ದುವು. ದೀನರಿಗೂ ಕುಂಟರಿಗೂ ಕುರುಡರಿಗೂ ಅನ್ನವು ದೊರೆಯುತ್ತಿದ್ದಿತು. ರೋಗಿಗಳಿಗೆ ಔಷಧವು ದೊರೆಯುತ್ತಿದ್ದಿತು. ಪರಮತದ ಭಿಕ್ಷುಗಳಿಗೂ ಆ ಬಾಗಿಲು ಮುಚ್ಚಿರಲಿಲ್ಲ. ತಲೆಯೋಡಿನ ಊಟಕ್ಕೂ ಈ ಅನ್ನಛತ್ರಕ್ಕೂ ಎತ್ತಣ ಸಂಬಂಧ?

ಕಾಪಾಲಿಕರೆಂಬ ಬೇರೊಂದು ಪಂಥದ ಆಚಾರಗಳನ್ನು ಕಾಳಾಮುಖರಿಗೆ ಆರೋಪಿಸಿದುದರಿಂದ ಈ ಗೊಂದಲವುಂಟಾಯಿತೆಂದು, ಶಾಸನಗಳನ್ನೆಲ್ಲ ಒಟ್ಟುಗೂಡಿಸಿ 1972ರಲ್ಲಿ ಗ್ರಂಥವನ್ನು ಪ್ರಕಟಿಸಿದ ಡೇವಿಡ್ ಲೊರೆನ್ಜನ್ ಎಂಬ ವಿದ್ವಾಂಸರು ವಾದಿಸಿರುವರು. ಆದರೆ ಶಾಸನವೆಂಬುದು ದಾನಿಯ ಕಡೆಯ ಬರಹ. ಪೂಜಿಸಿದವರು ದೋಷವನ್ನು ಕಲ್ಲಿನಲ್ಲಿ ಕೆತ್ತಿಸುವುದಿಲ್ಲವೆಂಬುದನ್ನೂ ಮರೆಯಲಾಗದು. ಆದಕಾರಣ ಮೂರನೆಯ ಸಾಕ್ಷಿಯೊಂದನ್ನು ವಿಚಾರಿಸುವುದು ಯುಕ್ತವು. ಕಾಳಾಮುಖರು ತಮ್ಮದೆಂದು ಹೇಳಿಕೊಂಡ ಲಾಕುಲ ಸಿದ್ಧಾಂತವೇ ಆ ಸಾಕ್ಷಿ.

ಲಕುಲೀಶನು ಗುಜರಾತದ ಕಾಯಾವರೋಹಣದಲ್ಲಿ ಅವತರಿಸಿದನೆಂಬುದು ಸಂಪ್ರದಾಯ. ಅವನ ಶಿಷ್ಯನಾದ ಕುಶಿಕನಿಂದ ಹತ್ತನೆಯವನೆನಿಸಿದ ಉದಿತಾಚಾರ್ಯನನ್ನು ಗುಪ್ತಶಕ 61ರ, ಎಂದರೆ ಕ್ರಿ. ಶ. 380ರ, ಮಥುರೆಯ ಸ್ತಂಭಶಾಸನವು ಹೆಸರಿಸುವುದು. ಬಹುಕಾಲ ಕಳೆದುಹೋಗಿದ್ದ ‘ಪಾಶುಪತಸೂತ್ರ’ವು ಕೌಂಡಿನ್ಯನ ಭಾಷ್ಯದೊಡನೆ 1940ರಲ್ಲಿ ತಿರುವನಂತಪುರದಲ್ಲಿ ಅಚ್ಚಾಯಿತು. ಕಾರಣ, ಕಾರ್ಯ, ಯೋಗ, ವಿಧಿ, ದುಃಖಾಂತ ಎಂಬ ಐದು ಪದಾರ್ಥಗಳನ್ನು ಈ ಮತವು ಒಪ್ಪುವುದು. ಪಶುಪತಿಯೇ ಕಾರಣನು, ಸ್ವತಂತ್ರವಲ್ಲದ ಸಕಲವೂ ಕಾರ್ಯವು. ಆತ್ಮವನ್ನು ಈಶ್ವರನೊಡನೆ ಕೂಡಿಸುವುದು ಯೋಗವು. ಅದಕ್ಕೆ ಬೇಕಾದ ನಡವಳಿಕೆಯು ವಿಧಿಯು. ದುಃಖದ ಕೊನೆಯು ಈಶ್ವರಪ್ರಸಾದದಿಂದಲೇ ಲಭಿಸತಕ್ಕುದು.

ಸಾಧಕನು ಮೊದಲ ಅವಸ್ಥೆಯಲ್ಲಿ ದೇವಾಲಯದಲ್ಲಿದ್ದುಕೊಂಡು ಮೂರು ಹೊತ್ತು ಭಸ್ಮಸ್ನಾನ ಮಾಡಿ, ಭಸ್ಮದಲ್ಲಿಯೇ ಮಲಗಿ, ನಗೆ, ಹಾಡು, ಕುಣಿತ, ಹುಡುಕ್ಕಾರ, ನಮಸ್ಕಾರ, ಜಪಗಳಿಂದ ಶಿವನನ್ನು ಸೇವಿಸಬೇಕು. ಎರಡನೆಯ ಅವಸ್ಥೆಯು ಇದಕ್ಕಿಂತಲೂ ವಿಚಿತ್ರವಾದುದು. ಆಗ ಅವನು ಮತದ ಚಿಹ್ನೆಗಳನ್ನು ಮರೆಮಾಡಿ ಜನರ ನಡುವೆ ಹೋಗಿ, ಎಚ್ಚರವಿದ್ದೂ ನಿದ್ದೆಹೋದವನಂತೆ ಗೊರಕೆ ಹೊಡೆಯಬೇಕು, ಮೈ ನಡುಗಿಸಬೇಕು, ಕಾಲು ಕುಂಟಬೇಕು, ಕಾಮುಕನಂತೆ ನಟಿಸಬೇಕು, ಅಸಂಬದ್ಧವಾಗಿ ಮಾತನಾಡಬೇಕು. ನೋಡಿದವರು ಹೀಯಾಳಿಸಿದರೆ ಅವರ ಪುಣ್ಯವು ಇವನಿಗೂ, ಇವನ ಪಾಪವು ಅವರಿಗೂ ಸಲ್ಲುವುದೆಂದು ನಂಬಿಕೆ. ಲೋಕದ ಮನ್ನಣೆಯನ್ನು ವಿಷವೆಂದು ಭಾವಿಸಿ ಅಹಂಕಾರವನ್ನು ಬೇರುಸಹಿತ ಕಿತ್ತೊಗೆಯುವ ಕಠಿಣ ವ್ರತವಿದು. ಮುಂದಿನ ಅವಸ್ಥೆಗಳಲ್ಲಿ ಶೂನ್ಯಗೃಹ ಅಥವಾ ಗುಹೆಯ ಏಕಾಂತವಾಸ, ಅನಂತರ ಸ್ಮಶಾನವಾಸ, ಕೊನೆಗೆ ರುದ್ರಸಾಯುಜ್ಯ.

ಇಲ್ಲಿ ಸುರೆಯ ಕುಂಭವಿಲ್ಲ, ತಲೆಯೋಡಿನ ಊಟವಿಲ್ಲ. ಆದರೆ ಭಸ್ಮವುಂಟು, ಸ್ಮಶಾನವುಂಟು, ಬೇಕೆಂದೇ ತಂದುಕೊಂಡ ನಿಂದೆಯುಂಟು. ನಿಂದೆಯನ್ನು ಸಾಧನವಾಗಿ ಬಯಸಿದ ಮತಕ್ಕೆ ಲೋಕವು ನಿಂದೆಯನ್ನು ಧಾರಾಳವಾಗಿಯೇ ಕೊಟ್ಟಿತೆಂದು ಹೇಳಬಹುದು. ಕುರುಗೋಡು ಬಳ್ಳಿಗಾವೆಗಳಲ್ಲಿ ಹೊಲಗದ್ದೆಗಳನ್ನೂ ಪಾಠಶಾಲೆಗಳನ್ನೂ ನೋಡಿಕೊಳ್ಳುತ್ತಿದ್ದ ಆಚಾರ್ಯರು ಹುಚ್ಚರಂತೆ ಬೀದಿಯಲ್ಲಿ ಕುಣಿದರೆಂದು ಊಹಿಸಬೇಕಾದುದಿಲ್ಲ. ಸಾವಿರ ವರ್ಷಗಳ ದಾರಿಯಲ್ಲಿ ಸ್ಮಶಾನವಾಸಿಯು ಮಠಾಧಿಪತಿಯಾದನು. ಆದರೆ ಪೂರ್ವಿಕರ ವ್ರತದ ಕುಖ್ಯಾತಿಯು ಅವನ ಬೆನ್ನನ್ನು ಬಿಡದೆ ಬಂದಿರಬಹುದು.

ಹದಿಮೂರನೆಯ ಶತಮಾನದಿಂದೀಚೆಗೆ ಈ ಹೆಸರು ಅಪೂರ್ವವಾಗುತ್ತ ಹೋಯಿತು. ಕಲ್ಯಾಣದ ಅರಸೊತ್ತಿಗೆಯು ಮುರಿದು ದತ್ತಿಗಳ ಮೂಲವು ಬತ್ತಿತು. ಬಸವಾದಿ ಶರಣರ ಭಕ್ತಿಮಾರ್ಗವು ದೇವರನ್ನು ಗುಡಿಯಿಂದ ಅಂಗೈಗೆ ತಂದಿತು. ಕಾಳಾಮುಖರ ಮಠಗಳಲ್ಲಿ ಹಲವು ಕ್ರಮೇಣ ವೀರಶೈವ ಮಠಗಳಾದುವೆಂಬುದು ಅನೇಕ ವಿದ್ವಾಂಸರ ಮತ. ವಿಜಯನಗರದ ಮೊದಲ ಅರಸರ ಕಾಲದಲ್ಲಿ ಗೌರವಪಾತ್ರನಾಗಿದ್ದ ಕಾಶೀವಿಲಾಸ ಕ್ರಿಯಾಶಕ್ತಿಯು ಈ ಪರಂಪರೆಯ ಕೊನೆಯ ದೊಡ್ಡ ಹೆಸರೆಂದು ಭಾವಿಸಲಾಗಿದೆ. ಗೋವೆಯನ್ನು ಗೆದ್ದ ಮಾಧವಮಂತ್ರಿಯು ಆತನ ಶಿಷ್ಯನು. ಅದೇ ಶತಮಾನದಲ್ಲಿ ರಚಿತವಾದ ‘ಸರ್ವದರ್ಶನಸಂಗ್ರಹ’ವು ನಕುಲೀಶ ಪಾಶುಪತಕ್ಕೆ ಒಂದು ಅಧ್ಯಾಯವನ್ನು ಮೀಸಲಿಟ್ಟು, ಖಂಡಿಸುವ ಮೊದಲು ಅದರ ಮಾತನ್ನು ಸಾವಧಾನವಾಗಿ ಕೇಳಿತು.

ಸಿರುಗುಪ್ಪೆ ತಾಲ್ಲೂಕಿನ ನಿಟ್ಟೂರು ಉದೇಗೊಳಗಳ ಬಂಡೆಗಳ ಮೇಲೆ ಅಶೋಕನ ಧರ್ಮಲಿಪಿಗಳಿವೆ. ಅವನ್ನು ಓದಬಲ್ಲವರು ಇಲ್ಲವಾಗಿ ಎಷ್ಟೋ ಶತಮಾನಗಳು ಕಳೆದುವು. ಆದರೂ ಕಲ್ಲು ತನ್ನ ಮಾತನ್ನು ಬಚ್ಚಿಟ್ಟುಕೊಂಡಿದ್ದು, ಓದುವವರು ಬಂದಾಗ ಹೇಳಿತು. ಕುರುಗೋಡಿನ ಕಲ್ಲುಗಳದ್ದೂ ಅದೇ ಸ್ಥಿತಿ. ತನ್ನ ಪರವಾಗಿ ಮಾತನಾಡುವ ಒಬ್ಬನೂ ಉಳಿಯದ ಮತದ ವಿಷಯದಲ್ಲಿ ವಿರೋಧಿಯ ಬರಹವನ್ನೇ ಇತಿಹಾಸವೆಂದು ಓದುವುದು, ಬೂದಿಯ ದಿಬ್ಬದಲ್ಲಿ ಹಿಡಿಂಬನನ್ನು ಕಾಣುವುದಕ್ಕೆ ಸಮಾನವು. ಹಳೆಯ ಗುಡಿಯ ಶಾಸನದ ಕಲ್ಲಿಗೆ ಸುಣ್ಣವನ್ನು ಬಳಿಯುವ ಮೊದಲು, ಅದು ಯಾರೋ ಒಬ್ಬರ ಕೊನೆಯ ಸಾಕ್ಷ್ಯವಾಗಿರಬಹುದೆಂಬುದನ್ನು ಊರಿನವರು ನೆನೆದರೆ ಸಾಕು.