ರಾಣಿಯರ ಸ್ನಾನಗೃಹ: ಒಂದು ವಾಕ್ಯದ ಕಥೆ

ಪತ್ರಿಕೆಗಳ ಅಂಚಿನಲ್ಲಿ, ಪಂಚಾಂಗಗಳ ಪುಟದಡಿಯಲ್ಲಿ, ಮಕ್ಕಳ ಮಾಸಿಕಗಳ ಮೂಲೆಯಲ್ಲಿ ‘ನಿಮಗಿದು ಗೊತ್ತೆ?’ ಎಂಬ ತಲೆಬರಹದ ಪುಟ್ಟ ಚೌಕಗಳನ್ನು ವಾಚಕರು ಕಂಡೇ ಇರುತ್ತೀರಿ. ದೊಡ್ಡ ಲೇಖನವನ್ನು ಓದದೆ ಪುಟ ಮಗುಚುವವರು ಕೂಡ ಆ ಚೌಕವನ್ನು ಓದದೆ ಬಿಡುವುದಿಲ್ಲ. ಓದಿದ್ದನ್ನು ಮರೆಯುವುದೂ ಇಲ್ಲ. ಇನ್ನೂರು ಪುಟದ ಗ್ರಂಥದಲ್ಲಿ ಒಂದು ತಪ್ಪು ಹೊಕ್ಕರೆ ಅದು ಅಲ್ಲಿಯೇ ಅಡಗಿ ಕುಳಿತೀತು. ಚೌಕದಲ್ಲಿ ಹೊಕ್ಕ ತಪ್ಪು ಮಾತ್ರ ಬಾಯಿಂದ ಬಾಯಿಗೆ ಹಾರಿ, ಕೊನೆಗೆ ಪರೀಕ್ಷೆಯ ಉತ್ತರಪತ್ರಿಕೆಗೂ ಬಂದು ಕೂರುತ್ತದೆ. ಇದನ್ನು ನಾನು ಕಲಿತದ್ದು ನಮ್ಮ ಶಾಲೆಯ ವಾರ್ಷಿಕ ಸಂಚಿಕೆಗಾಗಿ ಅಂಥದೊಂದು ವಾಕ್ಯವನ್ನು ಬರೆಯಲು ಕುಳಿತಾಗ.

ಕುಳಿತವರು ನಾವು ಮೂವರು. ಕನ್ನಡ ಪಂಡಿತನಾದ ನಾನು, ವಿಜ್ಞಾನದ ಉಪಾಧ್ಯಾಯರು, ಮತ್ತು ಚರಿತ್ರೆ ಕಲಿಸುವ ತರುಣಿ. ಈಕೆ ಹಿಂದೆ ನನ್ನ ಶಿಷ್ಯೆಯೇ ಆಗಿದ್ದವಳು. ಮಕ್ಕಳನ್ನು ಹಂಪಿಗೆ ಕರೆದೊಯ್ದು ಬಂದಿದ್ದೆವು. ಅಲ್ಲಿನ ‘ರಾಣಿಯರ ಸ್ನಾನಗೃಹ’ ಎಲ್ಲರ ಮನಸ್ಸನ್ನೂ ಸೆಳೆದಿತ್ತು. ಅದರ ಮೇಲೆ ಒಂದೇ ಒಂದು ವಾಕ್ಯ ಬೇಕು. ಅರ್ಧ ಗಂಟೆಯ ಕೆಲಸವೆಂದು ಎಣಿಸಿದ್ದೆವು. ಹಿಡಿದದ್ದು ಮೂರು ಸಂಜೆ.

ಮೊದಲು ಬರೆದ ವಾಕ್ಯ ಹೀಗಿತ್ತು: “ಹಂಪಿಯ ರಾಣಿಯರ ಸ್ನಾನಗೃಹವನ್ನು ಕೃಷ್ಣದೇವರಾಯನು ತನ್ನ ರಾಣಿಯರ ಸ್ನಾನಕ್ಕಾಗಿ ಮುಸಲ್ಮಾನೀ ಶೈಲಿಯಲ್ಲಿ ಕಟ್ಟಿಸಿದನು.” ಓದಲು ಸೊಗಸಾಗಿದೆ, ಕಿವಿಗೂ ಹಿತವಾಗಿದೆ. ಕನ್ನಡದಲ್ಲಿ ತಪ್ಪಿಲ್ಲವೆಂದು ನಾನು ಒಪ್ಪಿಗೆ ಕೊಟ್ಟೂ ಬಿಟ್ಟೆ. ಅಷ್ಟರಲ್ಲಿ ವಿಜ್ಞಾನದ ಉಪಾಧ್ಯಾಯರು, “ಇದರಲ್ಲಿ ನಾವು ಕಣ್ಣಾರೆ ಕಂಡದ್ದು ಯಾವುದು, ಕೇಳಿದ್ದು ಯಾವುದು?” ಎಂದರು. ಅಲ್ಲಿಂದ ತೊಡಕು ಆರಂಭವಾಯಿತು.

ಕಂಡದ್ದನ್ನು ಮೊದಲು ಹೇಳಿಬಿಡುತ್ತೇನೆ. ಕಮಲಾಪುರದಿಂದ ಹಂಪಿಗೆ ಹೋಗುವ ದಾರಿಯಲ್ಲಿ, ಅರಮನೆಯ ಆವರಣದ ಆಗ್ನೇಯಕ್ಕೆ ಈ ಕಟ್ಟಡವಿದೆ. ದೂರದಿಂದ ನೋಡಿದರೆ ಉಗ್ರಾಣವೋ ಏನೋ ಎನ್ನುವಷ್ಟು ಬೋಳು. ಒಂದೊಂದು ಪಾರ್ಶ್ವವೂ ಸುಮಾರು 30 ಮೀಟರು, ಚಚ್ಚೌಕದ ಕಟ್ಟಡ. ಸುತ್ತಲೂ ಕಂದಕ, ಅದನ್ನು ದಾಟಲು ಸಣ್ಣ ಸೇತುವೆ. ಒಳಗೆ ಕಾಲಿಟ್ಟೊಡನೆ ನೋಟವೇ ಬೇರೆಯಾಗುತ್ತದೆ. ನಡುವೆ ಆಕಾಶಕ್ಕೆ ತೆರೆದ, ಸುಮಾರು 15 ಮೀಟರು ಚೌಕದ, 1.8 ಮೀಟರು ಆಳದ ಕೊಳ. ಅದನ್ನು ಬಳಸಿ ನಾಲ್ಕೂ ಕಡೆ ಕಮಾನುಗಳ ಮೊಗಸಾಲೆ. ಮೊಗಸಾಲೆಯ ಒಂದೊಂದು ಅಂಕಣಕ್ಕೂ ಗುಮ್ಮಟದಂಥ ಮೇಲ್ಛಾವಣಿ, ಅದರಲ್ಲಿ ಗಾರೆಯ ಕುಸುರಿ. ಕೊಳದ ಮೇಲಕ್ಕೆ ಚಾಚಿಕೊಂಡ ಗವಾಕ್ಷಗಳುಂಟು. ಅಲ್ಲಿ ಕುಳಿತವರಿಗೆ ನೀರು ಕಾಲ ಕೆಳಗೇ ಇರುತ್ತಿತ್ತು. ಈಗ ಕೊಳದಲ್ಲಿ ನೀರಿಲ್ಲ. ಹುಡುಗರು ಕೆಳಗಿಳಿದು ಓಡಾಡಬಾರದೆಂದು ನಾವು ಗದರಿಸಬೇಕಾಯಿತು.

ಇನ್ನು ಕೇಳಿದ್ದು. ‘ಕೃಷ್ಣದೇವರಾಯನು ಕಟ್ಟಿಸಿದನು’ ಎಂಬ ಮಾತಿನಿಂದಲೇ ತೊಡಗೋಣ. ಆತನು 1509ರಿಂದ 1529ರವರೆಗೆ ಆಳಿದವನು. ವಿಜಯನಗರದಲ್ಲಿ ಅವನು ಕಟ್ಟಿಸಿದ್ದು ಬಹಳವುಂಟು, ಅದಕ್ಕೆ ಶಾಸನಗಳುಂಟು. ಆದರೆ ಈ ಕಟ್ಟಡದ ಮೇಲೆ ಕಟ್ಟಿಸಿದವರ ಹೆಸರು ಹೇಳುವ ಶಾಸನವಿಲ್ಲ. ಕೆಲವರು ಕೃಷ್ಣರಾಯನೆನ್ನುತ್ತಾರೆ, ಕೆಲವರು ಅವನ ತಮ್ಮ ಅಚ್ಯುತರಾಯನೆನ್ನುತ್ತಾರೆ. ದೇವಾಲಯಕ್ಕೆ ದತ್ತಿ ಬಿಟ್ಟವನು ಕಲ್ಲಿನಲ್ಲಿ ಬರೆಸುತ್ತಾನೆ. ಅದು ಮುಂದಿನವರು ನಡೆಸಿಕೊಂಡು ಬರಬೇಕಾದ ಧರ್ಮ. ತನ್ನ ವಿಹಾರದ ಮನೆಗೆ ಶಾಸನವೇತಕ್ಕೆ? ಅರಮನೆಯ ಆವರಣದಲ್ಲೇ 1980ರ ದಶಕದ ಉತ್ಖನನದಲ್ಲಿ ಮೆಟ್ಟಿಲುಗಳ ಸುಂದರ ಪುಷ್ಕರಣಿಯೊಂದು ಬೆಳಕಿಗೆ ಬಂದಿತು. ಅದರ ಕಲ್ಲುಗಳ ಮೇಲೆ ಕನ್ನಡ ಅಕ್ಷರಗಳಿವೆ. ಆದರೆ ಅವು ಯಾವ ಕಲ್ಲು ಯಾವ ದಿಕ್ಕಿಗೆ, ಎಷ್ಟನೆಯ ಸಾಲಿಗೆ ಎಂದು ಶಿಲ್ಪಿಗಳು ಹಾಕಿಕೊಂಡ ಗುರುತುಗಳು. ಅಲ್ಲಿ ಕೆಲಸಗಾರನ ಕೈಬರಹ ಉಳಿದಿದೆ, ಒಡೆಯನ ಹೆಸರಿಲ್ಲ.

‘ರಾಣಿಯರ’ ಎಂಬ ಮಾತು ಇದಕ್ಕಿಂತ ಕಷ್ಟಕ್ಕೆ ಸಿಕ್ಕಿಸಿತು. 1565ರ ರಕ್ಕಸತಂಗಡಿಯ ಯುದ್ಧದ ಬಳಿಕ ರಾಜಧಾನಿ ಹಾಳಾಯಿತು; ಅರಮನೆಯ ಜನ ಪೆನುಗೊಂಡೆಗೆ ಹೋದರು. ಯಾವ ಕಟ್ಟಡಕ್ಕೆ ಏನು ಹೆಸರೆಂದು ಬಲ್ಲವರು ಚದುರಿದರು. ಕರ್ನಲ್ ಮೆಕೆಂಜಿಯವರು 1799ರಲ್ಲಿ ಈ ಹಾಳೂರಿನ ನಕ್ಷೆ ಬರೆಸುವ ಹೊತ್ತಿಗೆ ಎರಡು ಶತಮಾನಗಳ ಮೇಲೆ 34 ವರ್ಷ ಕಳೆದಿದ್ದವು. ಉಳಿದ ಗೋಡೆಗಳನ್ನು ಕಂಡವರು ಆಕಾರ ನೋಡಿ ಹೆಸರಿಟ್ಟರು. ಕಮಲದ ಮೊಗ್ಗಿನಂತೆ ಕಂಡದ್ದು ಕಮಲಮಹಲು. ಎತ್ತರದ ಗೋಡೆಯ ಆವರಣ ರಾಣೀವಾಸ. ಕೊಳವುಳ್ಳ ಚೆಲುವಾದ ಮನೆ ರಾಣಿಯರ ಸ್ನಾನಗೃಹ. ಚೆಲುವಿದ್ದಲ್ಲಿ ರಾಣಿಯರಿರಬೇಕೆಂಬ ಊಹೆ ಅದು. ಆದರೆ ಗಮನಿಸಿರಿ: ರಾಣೀವಾಸವೆಂದು ಕರೆಯುವ ಆವರಣ ಅರಮನೆಯ ಬಡಗಣ ದಿಕ್ಕಿಗಿದೆ, ಅದರ ಗೋಡೆಗೆ ಹೊಂದಿಕೊಂಡಂತೆ ಆಚೆಗೆ ಆನೆಲಾಯವಿದೆ. ಸ್ನಾನಗೃಹವಿರುವುದೋ ಇನ್ನೊಂದು ಕೊನೆಯಲ್ಲಿ. ಅಂತಃಪುರದವರು ದಿನದ ಸ್ನಾನಕ್ಕಾಗಿ ಅರಮನೆಯ ಉದ್ದಕ್ಕೂ ಹಾದು ಬರುತ್ತಿದ್ದರೆ? ರಾಜನೂ ಆಸ್ಥಾನದವರೂ ಬೇಸಗೆಯಲ್ಲಿ ವಿಹರಿಸುತ್ತಿದ್ದ ಜಲಮಂದಿರವಿದಾಗಿರಬಹುದೆಂದು ವಿದ್ವಾಂಸರು ಹೇಳುವುದಕ್ಕೆ ಕಾರಣವುಂಟು.

ಇಲ್ಲಿ ಪಂಡಿತನ ಪಾಲಿನ ಕೆಲಸ ನನಗೆ ಬಂತು: ‘ಸ್ನಾನ’ ಎಂಬ ಶಬ್ದ. ನಮ್ಮ ನುಡಿಯಲ್ಲಿ ನೀರಿಗಿಳಿಯುವುದೆಲ್ಲ ಸ್ನಾನವಲ್ಲ. ಮೀಯುವುದು ಬೇರೆ, ಎಣ್ಣೆ ಹಚ್ಚಿಕೊಂಡು ಮಾಡುವ ಅಭ್ಯಂಗ ಬೇರೆ, ಜಲಕ್ರೀಡೆಯಂತೂ ಬೇರೆಯೇ. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನು 12ನೆಯ ಶತಮಾನದ ಪೂರ್ವಾರ್ಧದಲ್ಲಿ ರಚಿಸಿದ ‘ಮಾನಸೋಲ್ಲಾಸ’ದಲ್ಲಿ ಸ್ನಾನವನ್ನು ಉಪಭೋಗಗಳ ಭಾಗದಲ್ಲಿಯೂ ನೀರಾಟವನ್ನು ಕ್ರೀಡೆಗಳ ಭಾಗದಲ್ಲಿಯೂ ಇಟ್ಟಿದ್ದಾನೆ. ಮಹಾಕಾವ್ಯಕ್ಕೆ ಹೇಳಿರುವ ಹದಿನೆಂಟು ವರ್ಣನೆಗಳಲ್ಲಿ ಜಲಕ್ರೀಡೆಗೆ ಸ್ಥಾನವಿದೆ. ದಿನದ ಮಜ್ಜನಕ್ಕೆ ಇಲ್ಲ.

ವಿಜಯನಗರದ ಅರಸನು ನಿಜವಾಗಿ ಹೇಗೆ ಮೀಯುತ್ತಿದ್ದನೆಂಬುದಕ್ಕೆ ಸಾಕ್ಷಿಯುಂಟು. 1520ರ ಸುಮಾರಿಗೆ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸನು ಕೃಷ್ಣದೇವರಾಯನ ಬೆಳಗನ್ನು ವರ್ಣಿಸಿದ್ದಾನೆ. ಬೆಳಕು ಹರಿಯುವ ಮೊದಲೇ ರಾಯನು ಎಳ್ಳೆಣ್ಣೆ ಕುಡಿದು, ಮೈಗೂ ಎಣ್ಣೆ ಹಚ್ಚಿಸಿಕೊಂಡು, ಭಾರ ಎತ್ತಿ, ಕತ್ತಿವರಸೆ ಮಾಡಿ, ಕುಸ್ತಿಯಾಡಿ, ಕುದುರೆಯನ್ನೇರಿ ಓಡಾಡಿ ಬರುತ್ತಿದ್ದನಂತೆ. ಆಮೇಲೆ ಒಬ್ಬ ಬ್ರಾಹ್ಮಣನು ಅವನಿಗೆ ಸ್ನಾನ ಮಾಡಿಸುತ್ತಿದ್ದನು. ಅನಂತರ ದೇವರ ಪೂಜೆ. ಈ ಎಣ್ಣೆಯ ಮೈ ಹೊತ್ತು ಯಾರೂ ಗವಾಕ್ಷಗಳ ಚಿತ್ರಮಯ ಕೊಳಕ್ಕೆ ಇಳಿಯಲಾರರು ಎಂದು ವಿಜ್ಞಾನದ ಉಪಾಧ್ಯಾಯರು ನಕ್ಕರು. ಅದು ಪ್ರಮಾಣವಲ್ಲವೆಂದು ನಾನೂ ನಕ್ಕೆ. ಆದರೂ ‘ಸ್ನಾನಕ್ಕಾಗಿ’ ಎಂದು ನಿಶ್ಚಯವಾಗಿ ಬರೆಯುವ ಧೈರ್ಯ ನಮ್ಮಲ್ಲಿ ಉಳಿಯಲಿಲ್ಲ.

ಮಿಕ್ಕದ್ದು ‘ಮುಸಲ್ಮಾನೀ ಶೈಲಿ’. ಕಮಾನು, ಗುಮ್ಮಟ, ಗಾರೆಯ ಕೆಲಸ ಸುಲ್ತಾನರ ಕಟ್ಟಡಗಳನ್ನು ನೆನಪಿಸುವುದು ಹೌದು. ಆದರೆ ಹಾಗೆಂದು ಬರೆದರೆ, ಯಾವುದೋ ಶತ್ರುವಿನ ಮನೆಯಿಂದ ಎರವಲು ತಂದಂತೆ ಮಕ್ಕಳಿಗೆ ತೋರುತ್ತದೆ. ಎರಡನೆಯ ದೇವರಾಯನ ಸೈನ್ಯದಲ್ಲಿ ಮುಸಲ್ಮಾನರಿದ್ದರು. 1439ರಲ್ಲಿ ಅಹಮದ್ ಖಾನನೆಂಬ ಅಧಿಕಾರಿ ಇದೇ ನಗರದಲ್ಲಿ ಧರ್ಮಶಾಲೆಯನ್ನೂ ಬಾವಿಯನ್ನೂ ಮಾಡಿಸಿ, ಕನ್ನಡದಲ್ಲಿಯೇ ಶಾಸನ ಹಾಕಿಸಿದನು. ಅರಸರು ‘ಹಿಂದೂರಾಯ ಸುರತ್ರಾಣ’ ಎಂಬ ಬಿರುದನ್ನು ಹೆಮ್ಮೆಯಿಂದ ಧರಿಸಿದರು. ‘ಸುರತ್ರಾಣ’ವೆಂದರೆ ಸುಲ್ತಾನ ಶಬ್ದಕ್ಕೇ ತೊಡಿಸಿದ ಸಂಸ್ಕೃತದ ಉಡುಪು. ಆದುದರಿಂದ ಈ ಕಮಾನುಗಳು ವಿಜಯನಗರದ ಸ್ವಂತ ದರಬಾರಿ ಶೈಲಿ. ಆ ಪದವನ್ನೂ ಹೊಡೆದು ಹಾಕಿದೆವು.

ಮೂರನೆಯ ಸಂಜೆ ನಮ್ಮ ವಾಕ್ಯದಲ್ಲಿ ಉಳಿದದ್ದು ‘ಹಂಪಿಯ’ ಎಂಬ ಒಂದೇ ಮಾತು. ಆಗ ಚರಿತ್ರೆಯ ಉಪಾಧ್ಯಾಯಿನಿ ಬಹಳ ಸಂಕೋಚದಿಂದ ಚೀಲದೊಳಗಿಂದ ಒಂದು ಹಳೆಯ ನೋಟುಪುಸ್ತಕ ತೆಗೆದಳು. ಅವಳ ಒಂಬತ್ತನೆಯ ತರಗತಿಯದು. ತೆರೆದು ತೋರಿಸಿದ ಪುಟದಲ್ಲಿ, ನಾವು ಮೊದಲು ಬರೆದ ಆ ವಾಕ್ಯವೇ ಅಕ್ಷರಕ್ಷರವೂ ಇತ್ತು. “ನೀವೇ ಬರೆಸಿದ್ದು, ಸಾರ್. ಪ್ರಬಂಧ ಪಾಠದ ದಿವಸ. ನಾನೂ ಇದನ್ನೇ ಆರು ವರ್ಷದಿಂದ ಹೇಳಿಕೊಡುತ್ತಿದ್ದೇನೆ” ಎಂದಳು.

ವಾಚಕರೇ, ನಾನು ಏನು ಹೇಳಲಿ? ಆ ವಾಕ್ಯವನ್ನು ನಾನು ಎಲ್ಲಿಂದ ಎತ್ತಿಕೊಂಡೆನೋ ನೆನಪಿಲ್ಲ. ಪ್ರಾಯಶಃ ಯಾವುದೋ ಪತ್ರಿಕೆಯ ಇಂಥದೇ ಚೌಕದಿಂದ ಇರಬೇಕು. ಎಷ್ಟು ತರಗತಿಗಳಿಗೆ ಬರೆಸಿದೆನೋ, ಅವರು ಎಷ್ಟು ಜನಕ್ಕೆ ಹೇಳಿದರೋ! ಶಿಷ್ಯರ ಹ್ರಸ್ವ ದೀರ್ಘಗಳನ್ನು ಕೆಂಪು ಶಾಯಿಯಲ್ಲಿ ತಿದ್ದಿ ಮೂವತ್ತು ವರ್ಷ ಕಳೆದವನು, ಅರ್ಥವನ್ನು ಒಂದು ದಿನವೂ ತಿದ್ದಿರಲಿಲ್ಲ. ನೋಟುಪುಸ್ತಕವನ್ನು ಇಸಕೊಂಡು ಅದೇ ಕೆಂಪು ಶಾಯಿಯಿಂದ ನನ್ನ ವಾಕ್ಯಕ್ಕೆ ಅಡ್ಡಗೆರೆ ಎಳೆದು, ಕೆಳಗೆ ರುಜು ಮಾಡಿ ಹಿಂದಕ್ಕೆ ಕೊಟ್ಟೆ. ಅವಳು ಬೇಡವೆಂದಳು, ನಾನು ಬಿಡಲಿಲ್ಲ.

ಕೊನೆಗೆ ಅಚ್ಚಾದ ವಾಕ್ಯ ಇದು: “ಹಂಪಿಯಲ್ಲಿ ಜನರು ರಾಣಿಯರ ಸ್ನಾನಗೃಹವೆಂದು ಕರೆಯುವ ಕಟ್ಟಡ ಹೊರಗೆ ಬೋಳಾಗಿದ್ದು, ಒಳಗೆ ಕಮಾನಿನ ಮೊಗಸಾಲೆಯ ನಡುವೆ ತೆರೆದ ಕೊಳವನ್ನು ಹೊಂದಿದೆ, ಕಟ್ಟಿಸಿದವರ ಹೆಸರು ಅಲ್ಲಿ ಎಲ್ಲಿಯೂ ಬರೆದಿಲ್ಲ.” ‘ಜನರು ಕರೆಯುವ’ ಎಂಬೆರಡು ಮಾತುಗಳನ್ನು ಸೇರಿಸಿದವಳು ಅವಳು. ಹಳೆಯ ಹೆಸರಿಗೂ ಗೌರವ ಸಂದಿತು, ಸತ್ಯಕ್ಕೂ ಕುಂದಾಗಲಿಲ್ಲ. ‘ಬೋಳು’ ನನ್ನದು. ‘ಎಲ್ಲಿಯೂ’ ಎಂಬುದನ್ನು ವಿಜ್ಞಾನದ ಉಪಾಧ್ಯಾಯರು ಹಟ ಹಿಡಿದು ಉಳಿಸಿಕೊಂಡರು.

ಸಂಚಿಕೆ ಹೊರಬಿದ್ದ ಮೇಲೆ ಎಂಟನೆಯ ತರಗತಿಯ ಹುಡುಗನೊಬ್ಬ ಬಂದು, “ಹಾಗಾದರೆ ಕಟ್ಟಿಸಿದ್ದು ಯಾರು, ಸಾರ್?” ಎಂದು ಕೇಳಿದ. ಮೊದಲಿನ ವಾಕ್ಯವಿದ್ದಾಗ ಇಷ್ಟು ವರ್ಷದಲ್ಲಿ ಒಬ್ಬನೂ ಏನನ್ನೂ ಕೇಳಿರಲಿಲ್ಲ. ಅವನನ್ನು ಪಕ್ಕದಲ್ಲಿ ಕೂರಿಸಿಕೊಂಡು, ಕೊಳಕ್ಕೆ ನೀರು ತರುತ್ತಿದ್ದ ಕಾಲುವೆಯಿಂದ ಮೊದಲುಮಾಡಿ, ಒಂದು ಗಂಟೆ ಮಾತನಾಡಿದೆ. 1986ರಲ್ಲಿ ವಿಶ್ವಪರಂಪರೆಯ ಪಟ್ಟಿಗೆ ಸೇರಿದ ಆ ಹಾಳೂರಿಗೆ ತಾವು ಹೋದಾಗ, ತಮ್ಮ ಮಕ್ಕಳೂ ಕೇಳಿಯಾರು. ಥಟ್ಟನೆ ಒಂದು ಹೆಸರು ಹೇಳಿ ಅವರ ಬಾಯಿ ಮುಚ್ಚಿಸಬೇಡಿರಿ. ಗವಾಕ್ಷದ ಬಳಿ ನಿಲ್ಲಿಸಿ, ಕೆಳಗಿನ ಬರಿದಾದ ಕೊಳವನ್ನು ತೋರಿಸಿ, ಕಂಡದ್ದು ಏನೇನೆಂದು ಮೊದಲು ಅವರಿಂದಲೇ ಹೇಳಿಸಿರಿ.