ಏಳು ಜನ ಕಾಯುತ್ತಾರೆ

ದೀಪ ಹಚ್ಚುವ ಹೊತ್ತಿನಲ್ಲಿ ಮನೆಯ ಹೆಣ್ಣುಮಗಳು ಕೋಣೆಯ ಬಾಗಿಲು ಹಾಕಿಕೊಂಡು ಕೂತರೆ ಯಾವ ತಾಯಿಗೆ ತಾನೆ ಸಮಾಧಾನವಿದ್ದೀತು? 2020ರ ಮಳೆಗಾಲದಲ್ಲಿ ನಮ್ಮ ಮನೆಯಲ್ಲಿ ನಡೆಯುತ್ತಿದ್ದದ್ದು ಇದೇ. ಕೊರೊನಾ ಬಂತೆಂದು ಮಗಳು ಬೆಂಗಳೂರಿನ ಕೆಲಸವನ್ನು ಲ್ಯಾಪ್‌ಟಾಪಿನ ಜೊತೆಗೇ ಊರಿಗೆ ಹೊತ್ತು ತಂದಿದ್ದಳು. ವಾರದ ಐದು ದಿನ ಆಫೀಸಿನ ಕೆಲಸ. ಅದಕ್ಕೆ ನನ್ನ ತಕರಾರಿರಲಿಲ್ಲ. ಆದರೆ ಶನಿವಾರ, ಭಾನುವಾರ ಸಂಜೆ ಸರಿಯಾಗಿ ಆರು ಗಂಟೆಗೆ ಕಿವಿಗೆ ಹೆಡ್‌ಫೋನ್ ಏರಿಸಿ ಒಳಗೆ ಕೂತಳೆಂದರೆ ಎಂಟರವರೆಗೆ ಹೊರಗಿನ ಪ್ರಪಂಚ ಅವಳ ಪಾಲಿಗೆ ಇಲ್ಲ.

"ಏನು ಮಾಡ್ತೀಯೇ ಒಳಗೆ?" ಎಂದು ಒಮ್ಮೆ ಕೇಳಿದೆ.

"ರೇಡ್ ಇದೆ ಅಮ್ಮ."

ನನಗೆ ಗೊತ್ತಿದ್ದ ರೇಡು ಆದಾಯ ತೆರಿಗೆಯವರದು. ಅದು ಬಿಟ್ಟರೆ ನಾನು ಮೂವತ್ತು ವರ್ಷಗಳಿಂದ ಹೈಸ್ಕೂಲಿನ ಮಕ್ಕಳಿಗೆ ಹೇಳಿಕೊಡುತ್ತ ಬಂದ ಇತಿಹಾಸದ ದಾಳಿಗಳು. "ಯಾರ ಮೇಲೆ ದಾಳಿ?" ಎಂದೆ.

"ಶಿವಾ ಮೇಲೆ."

"ಶಿವ ಶಿವಾ!" ಎಂದು ಕೆನ್ನೆ ಬಡಿದುಕೊಂಡೆ. ಅವಳಿಗೆ ನಗು ತಡೆಯಲಾಗಲಿಲ್ಲ. ಅದು ನಮ್ಮ ಶಿವನಲ್ಲವಂತೆ. ಜಪಾನಿನ 'ಫೈನಲ್ ಫ್ಯಾಂಟಸಿ' ಎಂಬ ಆಟಗಳಲ್ಲಿ 1990ರಿಂದ ಬರುತ್ತಿರುವ ಹಿಮದ ಹೆಣ್ಣೊಬ್ಬಳಿಗೆ ಆ ಹೆಸರು. ಜಪಾನಿನ ಅನಿಮೆ ಚಿತ್ರಗಳಲ್ಲಿ ಕಾಣುವಂಥ ದೊಡ್ಡ ಕಣ್ಣು, ಬಣ್ಣಬಣ್ಣದ ಕೂದಲು, ಬೆಕ್ಕಿನ ಕಿವಿಯ ಹುಡುಗಿಯರು ಓಡಾಡುವ ಲೋಕ ಅದು. ಎಂಟು ಜನ ಎಂಟು ಮನೆಗಳಲ್ಲಿ ಕೂತು, ಇಂಟರ್‌ನೆಟ್ಟಿನಲ್ಲಿ ಒಂದು ದಂಡಾಗಿ ಸೇರಿ ಆ ಹಿಮದ ಹೆಣ್ಣಿನ ಮೇಲೆ ಬೀಳಬೇಕು. ನಮ್ಮ ಸಂಜೆ ಆರು ಎಂದರೆ ಜಪಾನಿನಲ್ಲಿ ರಾತ್ರಿ ಒಂಬತ್ತೂವರೆ. ಅಲ್ಲಿನವರು ಊಟ ಮುಗಿಸಿ ಕೂರುವ ಹೊತ್ತು. ನನ್ನ ದೀಪದ ಹೊತ್ತಿಗೇ ಈ ದಾಳಿ ಬಂದು ಬಿದ್ದದ್ದು ಹೀಗೆ.

ಮೂವತ್ತರ ಹತ್ತಿರ ಬಂದ ಹುಡುಗಿಗೆ ಇದೆಂಥ ಮಕ್ಕಳಾಟ ಎಂದುಕೊಂಡೆ. ಆಗಸ್ಟ್ ತಿಂಗಳ ಒಂದು ಶನಿವಾರ ಮೂರು ಸಲ ಕರೆದರೂ "ಬಂದೆ ಅಮ್ಮ" ಎಂಬ ಉತ್ತರ ಮಾತ್ರ ಬಂತು, ಮಗಳು ಬರಲಿಲ್ಲ. ನಾನು ಹಜಾರಕ್ಕೆ ಹೋಗಿ ಇಂಟರ್‌ನೆಟ್ಟಿನ ಡಬ್ಬಿಯ ಸ್ವಿಚ್ಚನ್ನು ಆರಿಸಿಬಿಟ್ಟೆ. ಕ್ಲಾಸಿನಲ್ಲಿ ಗಲಾಟೆಯ ಹುಡುಗನ ಕೈಯಿಂದ ಬುಗುರಿ ಕಿತ್ತುಕೊಳ್ಳುತ್ತೇವಲ್ಲ, ಅಷ್ಟೇ ಸಲೀಸಾಗಿ.

ಅವಳು ಹೊರಗೆ ಬಂದಳು. ಕೂಗಾಡಲಿಲ್ಲ. ಕೂಗಾಡಿದ್ದರೆ ನಾನೂ ನಾಲ್ಕು ಮಾತು ಆಡಿ ಹಗುರಾಗುತ್ತಿದ್ದೆ. "ಅಮ್ಮ, ಏಳು ಜನ ಕಾಯ್ತಿದ್ರು. ನಂದು ಮದ್ದು ಮಾಡೋ ಕೆಲಸ. ನಾನು ಮಾಯವಾದ ಕೂಡಲೇ ಎಲ್ಲರೂ ಬಿದ್ದರು. ಆರು ವಾರದಿಂದ ಪ್ರಯತ್ನ ಮಾಡ್ತಿದ್ವಿ, ಇವತ್ತು ಇನ್ನೇನು ಮುಗಿಯೋದ್ರಲ್ಲಿತ್ತು" ಎಂದಳು. ಮೊಬೈಲಿನಲ್ಲಿ ಒಬ್ಬೊಬ್ಬರಿಗೂ ಕ್ಷಮೆ ಕೇಳಿ ಬರೆಯುತ್ತ ಕೂತಳು. ನಾನು ದೀಪ ಹಚ್ಚಿದೆ. ಕೈ ಮುಗಿಯುವಾಗ ಮನಸ್ಸು ಅಲ್ಲಿರಲಿಲ್ಲ. ಪ್ರಾರ್ಥನೆಗೆ ಎರಡು ನಿಮಿಷ ತಡವಾಗಿ ಬಂದ ಮಕ್ಕಳನ್ನು, "ನಿನ್ನೊಬ್ಬನಿಗಾಗಿ ಇಡೀ ಶಾಲೆ ಕಾಯಬೇಕೇನೋ?" ಎಂದು ಗೇಟಿನ ಹೊರಗೆ ನಿಲ್ಲಿಸಿದವಳು ನಾನು.

ಇತಿಹಾಸದ ಟೀಚರುಗಳಿಗೆ ಒಂದು ರೋಗವಿದೆ. ಯಾವುದನ್ನು ಕಂಡರೂ, ಇದು ಯಾವ ಇಸವಿಯಲ್ಲಿ ಶುರುವಾಯಿತು, ಯಾಕೆ ಶುರುವಾಯಿತು ಎಂದು ಕೇಳದೆ ನಿದ್ದೆ ಬರುವುದಿಲ್ಲ. ತಪ್ಪು ಒಪ್ಪಿಕೊಳ್ಳಲು ನಾಲಿಗೆ ಏಳದವಳು ಮಾರನೆಯ ದಿನ ಮಗಳ ಹತ್ತಿರ ಕೂತು ಪಾಠ ಹೇಳಿಸಿಕೊಳ್ಳಲು ಶುರುಮಾಡಿದೆ. ಅವಳು ಹೇಳಿದ್ದು ಕೆಲವು, ನಾನೇ ಹುಡುಕಿ ಓದಿದ್ದು ಕೆಲವು.

ದೂರದೂರದಲ್ಲಿ ಕೂತವರು ಒಂದೇ ಲೋಕದಲ್ಲಿ ಸೇರಿ ಆಡುವ ಆಟ ನಾನು ಇನ್ನೂ ಪ್ರೈಮರಿ ಶಾಲೆಯಲ್ಲಿದ್ದಾಗಲೇ ಹುಟ್ಟಿತ್ತು. 1978ರಲ್ಲಿ ಇಂಗ್ಲೆಂಡಿನ ಎಸೆಕ್ಸ್ ವಿಶ್ವವಿದ್ಯಾಲಯದ ವಿದ್ಯಾರ್ಥಿ ರಾಯ್ ಟ್ರಬ್‌ಷಾ 'ಮಡ್' ಎಂಬ ಆಟವನ್ನು ಬರೆಯತೊಡಗಿದ. ರಿಚರ್ಡ್ ಬಾರ್ಟಲ್ ಅದನ್ನು ಬೆಳೆಸಿದ. ಅದರಲ್ಲಿ ಚಿತ್ರಗಳೇ ಇರಲಿಲ್ಲ, ಬರೀ ಅಕ್ಷರ. ಎದುರಿಗೆ ಬಾಗಿಲಿದೆ ಎಂದರೆ ಇದೆ ಎಂದು ಓದಿಕೊಳ್ಳಬೇಕು, ಅಷ್ಟೆ.

ಹತ್ತಾರು ಜನ ಕೂಡಿ ಒಂದು ಘಟಸರ್ಪದ ಮೇಲೆ ಬೀಳುವ ದಾಳಿಗೆ ಹೆಸರು ತಂದದ್ದು 1999ರಲ್ಲಿ ಅಮೆರಿಕದಲ್ಲಿ ಬಂದ 'ಎವರ್‌ಕ್ವೆಸ್ಟ್'. ಅಲ್ಲಿ ಸತ್ತವರ ಸಾಮಾನೆಲ್ಲ ಹೆಣದ ಹತ್ತಿರವೇ ಉಳಿಯುತ್ತಿತ್ತು. ಬರಿಗೈಯಲ್ಲಿ ಮತ್ತೆ ಅಷ್ಟು ದೂರ ಓಡಿ ತಂದುಕೊಳ್ಳಬೇಕು. ಆದ್ದರಿಂದ ಸಿದ್ಧತೆಯಿಲ್ಲದೆ ಹೊರಡುವ ಧೈರ್ಯ ಯಾರಿಗೂ ಇರಲಿಲ್ಲ. ಇನ್ನೊಂದು ಕಷ್ಟವೂ ಇತ್ತು. ಐವತ್ತು ಜನ ಸೇರಿ ಹೊಡೆದ ಘಟಸರ್ಪದ ಬಳಿ ಸಿಗುವ ನಿಧಿ ಬೆರಳೆಣಿಕೆಯದು. ಯಾರಿಗೆ ಕೊಡುವುದು? ಆಗ ಆಟಗಾರರೇ ಕೂತು ಒಂದು ಲೆಕ್ಕ ಹೂಡಿದರು. ದಾಳಿಗೆ ಬಂದವರಿಗೆಲ್ಲ ಅಂಕ. ಅಂಕ ಕೂಡಿಟ್ಟವರು ತಮ್ಮ ಸರದಿಯಲ್ಲಿ ಅದನ್ನು ಖರ್ಚುಮಾಡಿ ನಿಧಿ ಪಡೆಯಬೇಕು. ಆಟ ಮಾಡಿದ ಕಂಪನಿ ಇದನ್ನು ಹೇಳಿಕೊಟ್ಟಿರಲಿಲ್ಲ. ಮಗಳು ಇದನ್ನು ದೊಡ್ಡ ಸಂಶೋಧನೆಯೆಂಬಂತೆ ಹೇಳಿದಾಗ ನನಗೆ ನಗು ಬಂತು. ನಮ್ಮ ಮಲೆನಾಡಿನ ನೆಟ್ಟಿಯ ಕಾಲದಲ್ಲಿ ನನ್ನಜ್ಜಿ ಮುಯ್ಯಾಳಿನ ಲೆಕ್ಕವನ್ನು ಬಾಯಲ್ಲೇ ಇಟ್ಟುಕೊಂಡಿರುತ್ತಿದ್ದರು. ಅವರ ಗದ್ದೆಗೆ ನಾವೆಷ್ಟು ಆಳು ಹೋದೆವು, ನಮ್ಮ ಗದ್ದೆಗೆ ಅವರೆಷ್ಟು ಬರಬೇಕು ಎಂಬುದು ತಪ್ಪುತ್ತಲೇ ಇರಲಿಲ್ಲ. ಜನ ಕೂಡಿ ದುಡಿದಲ್ಲೆಲ್ಲ ಇಂಥ ಲೆಕ್ಕ ತಾನಾಗಿ ಹುಟ್ಟುತ್ತದೆಂದು ಕಾಣುತ್ತದೆ.

2004ರಲ್ಲಿ ಬಂದ 'ವರ್ಲ್ಡ್ ಆಫ್ ವಾರ್‌ಕ್ರಾಫ್ಟ್' ಆಟದಲ್ಲಿ ಬೆಂಕಿಯ ಗವಿಯೊಂದಕ್ಕೆ 40 ಜನ ಒಟ್ಟಿಗೆ ಹೋಗಬೇಕಿತ್ತು. ನಲವತ್ತು ಜನರನ್ನು ಒಂದೇ ಗಂಟೆಗೆ ಕೂಡಿಸುವುದೆಂದರೆ ಏನೆಂಬುದನ್ನು ಮದುವೆ ದಿಬ್ಬಣದ ಬಸ್ಸು ಹೊರಡಿಸಿದವರಿಗೆ ನಾನು ಹೇಳಬೇಕಾಗಿಲ್ಲ.

ಜಪಾನಿನವರಿಗೆ ಎದುರಾದ ತೊಡಕು ಭಾಷೆಯದು. 2000ದ ಡಿಸೆಂಬರಿನಲ್ಲಿ ಸೆಗಾ ಕಂಪನಿ 'ಫ್ಯಾಂಟಸಿ ಸ್ಟಾರ್ ಆನ್‌ಲೈನ್' ಎಂಬ ಆಟವನ್ನು ಹೊರತಂದಿತು. ನಾಲ್ಕು ಜನ ಕೂಡಿ ಆಡುವಂಥದು. ಒಬ್ಬ ಜಪಾನಿನವನು, ಇನ್ನೊಬ್ಬಳು ಜರ್ಮನಿಯವಳು ಇರಬಹುದು, ಮಾತಾಡುವುದು ಹೇಗೆ? ಅದಕ್ಕಾಗಿ ಸಿದ್ಧ ಮಾತುಗಳ ಪಟ್ಟಿಯೊಂದನ್ನು ಆಟದಲ್ಲೇ ಇಟ್ಟರು. ನೀವು ನಿಮ್ಮ ಭಾಷೆಯಲ್ಲಿ ಒಂದು ಮಾತು ಆರಿಸಿದರೆ ಎದುರಿನವರಿಗೆ ಅವರ ಭಾಷೆಯಲ್ಲಿ ಕಾಣುತ್ತದೆ. ಐದು ಭಾಷೆಗಳಿದ್ದವು. 2002ರಲ್ಲಿ ಬಂದ ಹನ್ನೊಂದನೆಯ 'ಫೈನಲ್ ಫ್ಯಾಂಟಸಿ'ಯಲ್ಲೂ ಜಪಾನಿನವರೂ ಅಮೆರಿಕದವರೂ ಒಂದೇ ಲೋಕದಲ್ಲಿದ್ದು, ಇಂಥದೇ ಪಟ್ಟಿಯ ಆಸರೆಯಲ್ಲಿ ಆಡುತ್ತಿದ್ದರು. ಮಹಾಯುದ್ಧದಲ್ಲಿ ಈ ಎರಡು ದೇಶಗಳು ಏನು ಮಾಡಿಕೊಂಡವೆಂದು ಪಾಠ ಮಾಡುವ ನನಗೆ, ಅವರ ಮೊಮ್ಮಕ್ಕಳು "ಕಾಪಾಡು", "ಧನ್ಯವಾದ" ಎಂದು ಕಳಿಸಿಕೊಳ್ಳುತ್ತಿದ್ದರೆಂದು ಓದಿ ಒಂದು ಕ್ಷಣ ಸುಮ್ಮನಾಗುವಂತಾಯಿತು.

ಮಗಳು ಆಡುವುದು ಹದಿನಾಲ್ಕನೆಯದನ್ನು. ಅದರ ಕಥೆ ಕೇಳಬೇಕು. 2010ರ ಸೆಪ್ಟೆಂಬರಿನಲ್ಲಿ ಹೊರಬಂದಾಗ ಅದು ಎಷ್ಟು ಕೆಟ್ಟದಾಗಿತ್ತೆಂದರೆ ಕಂಪನಿಯ ಅಧ್ಯಕ್ಷರೇ ಕ್ಷಮೆ ಕೇಳಿದರು. ಅದೇ ಡಿಸೆಂಬರಿನಲ್ಲಿ ನವೊಕಿ ಯೊಶಿದಾ ಎಂಬುವರ ಕೈಗೆ ಜವಾಬ್ದಾರಿ ಬಂತು. ಅವರು ಹಳೆಯದನ್ನು ನಡೆಸುತ್ತಲೇ ಹೊಸದನ್ನು ಕಟ್ಟಿದರು. ಮನೆಯಲ್ಲಿ ಸಂಸಾರ ಇಟ್ಟುಕೊಂಡೇ ಮನೆ ರಿಪೇರಿ ಮಾಡಿಸಿದವರಿಗೆ ಆ ಕಷ್ಟ ಗೊತ್ತು. ಹಳೆಯ ಲೋಕವನ್ನು 2012ರ ನವೆಂಬರ್ 11ರಂದು ಮುಚ್ಚಿದರು. ಕೆಂಪು ಚಂದ್ರನೊಂದು ಬಿದ್ದು ಎಲ್ಲ ನಾಶವಾಯಿತೆಂದು ಕಥೆ. 2013ರ ಆಗಸ್ಟಿನಲ್ಲಿ ಹೊಸ ಲೋಕ ತೆರೆಯಿತು. ಅದರ ಮೊದಲ ದೊಡ್ಡ ದಾಳಿ ನಡೆದದ್ದು ಆ ಚಂದ್ರನ ಚೂರುಗಳು ಹೂತ ನೆಲದೊಳಗೇ. ತಮ್ಮ ಸೋಲನ್ನು ಮುಚ್ಚಿಹಾಕದೆ, ಅದನ್ನೇ ಅಗೆದು ನೋಡಿ ಎಂದು ಆಟಗಾರರನ್ನು ಕಳಿಸಿದ್ದು ನನ್ನಂಥ ಇತಿಹಾಸದವಳಿಗೆ ಬಹಳ ಹಿಡಿಸಿತು.

ಇಷ್ಟಾದ ಮೇಲೆ ಒಂದು ಶನಿವಾರ ಐದು ಗಂಟೆಗೇ ಅವಳ ಪಕ್ಕದಲ್ಲಿ ಕುರ್ಚಿ ಹಾಕಿಕೊಂಡು ಕೂತೆ. ಯುದ್ಧ ನೋಡಲು ಹೋದವಳಿಗೆ ಕಂಡದ್ದು ಅಡುಗೆ! ದಾಳಿಗೆ ಮೊದಲು ಎಲ್ಲರೂ ಊಟ ಮಾಡಬೇಕು. ಉಂಡರೆ ಮೈಗೆ ಸ್ವಲ್ಪ ಬಲ ಹೆಚ್ಚುತ್ತದೆ. ಒಂದು ಊಟದ ಕಸುವು ಅರ್ಧ ಗಂಟೆ, ಮುಗಿದರೆ ಮತ್ತೆ ಉಣ್ಣಬೇಕು. ಆ ಊಟವನ್ನು ಆಟಗಾರರೇ ಬೇಯಿಸುತ್ತಾರೆ. ಅದಕ್ಕೆ ಬೇಕಾದ ಸೊಪ್ಪು ಹಣ್ಣು ಕೀಳುವವರು, ಮೀನು ಹಿಡಿಯುವವರೂ ಆಟಗಾರರೇ. ಮಗಳು ವಾರವಿಡೀ ರಾತ್ರಿ ಹತ್ತು ನಿಮಿಷ, ಕಾಲು ಗಂಟೆ ಕೂತು ಎಂಟು ಜನಕ್ಕಾಗುವಷ್ಟು ಬೇಯಿಸಿಟ್ಟಿದ್ದಳು. ಮದ್ದಿನ ಸೀಸೆಗಳನ್ನು ಇನ್ನೊಬ್ಬರು ತಂದಿದ್ದರು. ಸವೆದ ಕವಚಗಳ ರಿಪೇರಿಯಾಯಿತು. ಮುಂದೆ ನಿಂತು ಏಟು ತಿನ್ನುವವರು ಇಬ್ಬರು, ಮದ್ದು ಮಾಡುವವರು ಇಬ್ಬರು, ಹೊಡೆಯುವವರು ನಾಲ್ವರು. ಯಾರು ಎಲ್ಲಿ ನಿಲ್ಲಬೇಕೆಂದು ನೆಲದ ಮೇಲೆ ರಂಗೋಲಿಯಂತೆ ಗುರುತು ಹಾಕಿದರು. ಹಿಮದ ಹೆಣ್ಣು ಯಾವ ಹೊತ್ತಿಗೆ ಏನು ಮಾಡುತ್ತಾಳೆಂಬುದು ಮಗಳ ನೋಟ್‌ಬುಕ್ಕಿನಲ್ಲಿ ಪಟ್ಟಿಯಾಗಿತ್ತು. ಎಸ್ಸೆಸ್ಸೆಲ್ಸಿಯಲ್ಲಿ ಸಮಾಜಕ್ಕೆ ಅವಳು ಇಷ್ಟು ನೀಟಾಗಿ ನೋಟ್ಸ್ ಬರೆದದ್ದು ನಾನು ಕಾಣೆ.

ಕೊನೆಗೆ "ಎಲ್ಲರೂ ಸಿದ್ಧವೇ?" ಎಂಬ ಪ್ರಶ್ನೆ ಎಂಟು ಪರದೆಗಳ ಮೇಲೂ ಮೂಡಿತು. ಒಬ್ಬೊಬ್ಬರೂ ಹೌದೆಂದು ಒತ್ತಿದರು. ಒಬ್ಬರು ಒತ್ತಲಿಲ್ಲ. ಎಲ್ಲರೂ ಕಾದರು. ಎರಡು ನಿಮಿಷ ಕಳೆದು ಅವರು ಬಂದು ಬರೆದರು: ಮಗು ಎದ್ದಿತ್ತು, ಮಲಗಿಸಿ ಬಂದೆ. ಯಾರೂ ಒಂದು ಮಾತು ಆಡಲಿಲ್ಲ.

ನಾನು ಮಕ್ಕಳಿಗೆ ಎಷ್ಟೋ ಯುದ್ಧಗಳ ಪಾಠ ಮಾಡಿದ್ದೇನೆ. ಇಸವಿ, ಸ್ಥಳ, ಕಾರಣ, ಪರಿಣಾಮ. ಆ ದಂಡುಗಳಿಗೆ ಹಿಟ್ಟು ಬೀಸಿದವರು ಯಾರು, ನೀರು ಹೊತ್ತವರು ಯಾರು ಎಂದು ಪುಸ್ತಕದಲ್ಲಿ ಇರಲಿಲ್ಲ, ನಾನೂ ಕೇಳಲಿಲ್ಲ. ಮನೆಯಲ್ಲಿ ಮದುವೆಯಾದರೆ ಫೋಟೋದಲ್ಲಿ ಇರುವುದು ಧಾರೆಯ ಗಳಿಗೆ. ತಿಂಗಳ ಮೊದಲೇ ಹಪ್ಪಳ ಒತ್ತಿದವರ ಫೋಟೋ ಯಾರು ತೆಗೆದಾರು? ಇಲ್ಲಿ ಹೊಡೆದಾಟ ಹತ್ತು ಹದಿನೈದು ನಿಮಿಷದ್ದು. ಅದರ ಹಿಂದಿನ ವಾರಗಳೇ ನಿಜವಾದ ಆಟ. ನಾನು ಸ್ವಿಚ್ಚು ಆರಿಸಿ ಕೆಡಿಸಿದ್ದು ಆ ವಾರಗಳನ್ನು.

ಆ ಮಳೆಗಾಲದಲ್ಲೇ ಮಗಳು ನನಗೊಂದು ಜಪಾನೀ ಧಾರಾವಾಹಿ ತೋರಿಸಿದಳು. 'ಡ್ಯಾಡ್ ಆಫ್ ಲೈಟ್' ಎಂದು ಅದರ ಹೆಸರು, 2017ರದ್ದು. ಮೈಡಿ ಎಂಬ ಆಟದ ಹೆಸರಿನಲ್ಲಿ ಬರೆಯುತ್ತಿದ್ದ ಒಬ್ಬ ಆಟಗಾರ ತನ್ನ ಮತ್ತು ತಂದೆಯ ನಿಜವಾದ ಅನುಭವವನ್ನು ಬರೆದಿದ್ದ. ಅದನ್ನೇ ಧಾರಾವಾಹಿ ಮಾಡಿದ್ದರು. ಒಂದೇ ಮನೆಯಲ್ಲಿದ್ದೂ ಅಪ್ಪ ಮಗನಿಗೆ ಮಾತಿಲ್ಲ. ಮಗ ಅಪ್ಪನಿಗೆ ಈ ಆಟ ತಂದುಕೊಡುತ್ತಾನೆ. ತಾನು ಯಾರೆಂದು ಹೇಳದೆ ಆಟದೊಳಗೆ ಅಪ್ಪನ ಗೆಳೆಯನಾಗುತ್ತಾನೆ. ಆ ಚಂದ್ರನ ಚೂರುಗಳ ನೆಲದಲ್ಲಿರುವ ಟ್ವಿಂಟಾನಿಯಾ ಎಂಬ ಘಟಸರ್ಪವನ್ನು ಇಬ್ಬರೂ ಕೂಡಿ ಸೋಲಿಸಿದ ದಿನ, ನಾನೇ ನಿನ್ನ ಮಗ ಎಂದು ಹೇಳಬೇಕೆಂಬುದು ಅವನ ಹಂಚಿಕೆ. ಬರೆದ ಮೈಡಿ 2020ರ ಡಿಸೆಂಬರಿನಲ್ಲಿ ಕಾಯಿಲೆಯಿಂದ ತೀರಿಕೊಂಡ. ಮಗಳು ಆ ಸುದ್ದಿ ಹೇಳುವಾಗ ಪರಿಚಯದವರು ಹೋದಂತೆ ಅವಳ ಧ್ವನಿ ಇಳಿದಿತ್ತು.

ಧಾರಾವಾಹಿ ನೋಡುವಾಗ ನಾನು ಮಗನ ಕಡೆ ಇರಲಿಲ್ಲ, ಅಪ್ಪನ ಕಡೆ ಇದ್ದೆ. ಮನೆಯೊಳಗಿನ ಮನುಷ್ಯರ ಬಗ್ಗೆ ನಮಗೆ ಗೊತ್ತಿರುವುದು ಎಷ್ಟು ಕಡಿಮೆ! ನನ್ನ ಮಗಳು ಮುಂಗೋಪಿ, ಕೆಲಸಗಳ್ಳಿ ಎಂದು ನಾನು ನಂಬಿದ್ದೆ. ಎಲ್ಲೋ ಇರುವ ಏಳು ಜನ ಮಾತ್ರ ಅವಳನ್ನು ತಮ್ಮ ಜೀವ ಉಳಿಸುವವಳೆಂದು ನಂಬಿದ್ದರು. ಇಬ್ಬರ ನಂಬಿಕೆಯೂ ನಿಜವಿರಬಹುದು. ನಾನು ಒಂದನ್ನೇ ನೋಡಿದ್ದೆ.

ಇದರಿಂದ ನಾನು ಈ ಆಟಗಳ ಭಕ್ತೆಯಾದೆನೆಂದು ತಿಳಿಯಬೇಡಿ. ನಿದ್ದೆಗೆಟ್ಟು ಆಡಿ ಬೆಳಗಿನ ಕ್ಲಾಸಿನಲ್ಲಿ ತೂಕಡಿಸುವ ಹುಡುಗರನ್ನು ಇಂದಿಗೂ ಎದ್ದು ನಿಲ್ಲಿಸುತ್ತೇನೆ. ಆದರೆ ಈಗ ಅವರನ್ನು ಒಂದು ಪ್ರಶ್ನೆ ಕೇಳುತ್ತೇನೆ: "ಎಷ್ಟು ಜನ ಸೇರಿ ಆಡ್ತೀರೋ? ನಿನ್ನ ಕೆಲಸ ಏನು?" ತಲೆ ತಗ್ಗಿಸಿದ್ದವನು ತಲೆ ಎತ್ತುತ್ತಾನೆ.

ಸೆಪ್ಟೆಂಬರಿನ ಒಂದು ಭಾನುವಾರ ಅವರು ಗೆದ್ದರು. ಅವತ್ತು ನಾನೇ ಐದೂಮುಕ್ಕಾಲಿಗೆ ದೀಪ ಹಚ್ಚಿ, ಇನ್ವರ್ಟರಿನ ಬ್ಯಾಟರಿಗೆ ನೀರಿದೆಯೇ ಎಂದು ನೋಡಿ ಇಟ್ಟಿದ್ದೆ; ಮಳೆಗೆ ಕರೆಂಟು ಹೋದರೆ ಎಂಬ ಭಯ. ಒಳಗಿನಿಂದ ಮಗಳ ಕೂಗು ಕೇಳಿ, ಹುಣಸೆ ಕಿವುಚುತ್ತಿದ್ದ ಕೈಯಲ್ಲೇ ಓಡಿಹೋದೆ. ಪರದೆಯ ಮೇಲೆ ಎಂಟು ಗೊಂಬೆಗಳು ಕುಣಿಯುತ್ತಿದ್ದವು. ಹೆಡ್‌ಫೋನಿನಿಂದ ಸಣ್ಣಗೆ ಎಲ್ಲರೂ ಒಂದೇ ಮಾತು ಹೇಳುವುದು ಕೇಳಿಸಿತು: "ಒತ್ಸುಕಾರೆಸಮಾ." ಜಪಾನಿನವರು ಕೂಡಿ ಕೆಲಸ ಮುಗಿಸಿದಾಗ ಒಬ್ಬರಿಗೊಬ್ಬರು ಹೇಳುವ ಮಾತಂತೆ. ನಿಮಗೆ ದಣಿವಾಗಿದೆ, ಅದು ನನಗೆ ಗೊತ್ತು ಎಂಬ ಭಾವ. ಅಡಿಗೆಮನೆಯ ದೀಪ ಆರಿಸುವ ಹೊತ್ತಿಗೆ ಹೇಳಲು ನಮ್ಮಲ್ಲಿ ಅಂಥದೊಂದು ಮಾತು ಇದೆಯೇ ಎಂದು ಹುಡುಕಿದೆ. ನನ್ನ ನೆನಪಿಗೆ ಬರಲಿಲ್ಲ.

2022ರಲ್ಲಿ ಆಫೀಸು ಮತ್ತೆ ಕರೆಯಿತು, ಮಗಳು ಬೆಂಗಳೂರಿಗೆ ಹೊರಟಳು. ಹೊರಡುವ ಹಿಂದಿನ ರಾತ್ರಿ ಚಟ್ನಿಪುಡಿ, ಉಪ್ಪಿನಕಾಯಿ, ಹಪ್ಪಳ ಕಟ್ಟುತ್ತ ಕೂತಿದ್ದಾಗ, "ಇದು ಎಷ್ಟು ದಿನಕ್ಕೆ ಬರುತ್ತಮ್ಮ?" ಎಂದಳು. "ಅರ್ಧ ಗಂಟೆಗಿಂತ ಜಾಸ್ತಿ ಬರುತ್ತೆ ಕಣೆ" ಎಂದೆ. ಇಬ್ಬರೂ ನಕ್ಕೆವು. ಸ್ವಿಚ್ಚು ಆರಿಸಿದ್ದಕ್ಕೆ ಕ್ಷಮಿಸು ಎಂದು ಇಂದಿಗೂ ಬಾಯಿಬಿಟ್ಟು ಹೇಳಿಲ್ಲ. ಶನಿವಾರ ಸಂಜೆ ಆರರಿಂದ ಎಂಟರವರೆಗೆ ಮಾತ್ರ, ಎಂಥ ತುರ್ತಿದ್ದರೂ ಅವಳಿಗೆ ಫೋನು ಮಾಡುವುದಿಲ್ಲ.