ಬಡತನದ ಲೆಕ್ಕ, ಬುದ್ಧಿಯ ಅಳತೆ

ಬಡವನಿಗೆ ಸರ್ಕಾರ ಕೈನೀಡಿದರೆ ಅವನು ಎದ್ದು ನಿಲ್ಲುವನೋ, ನೀಡಿದ ಕೈಯನ್ನೇ ನೆಮ್ಮಿ ಕುಳಿತುಬಿಡುವನೋ? ಪ್ರಶ್ನೆ ಹಳೆಯದು. ಇದಕ್ಕೆ ನಿಷ್ಠುರವಾದ ಉತ್ತರ ಕೊಟ್ಟು ಹೊಗಳಿಕೆಯನ್ನೂ ಧಿಕ್ಕಾರವನ್ನೂ ಹೇರಳವಾಗಿ ಪಡೆದವರು ಅಮೆರಿಕದ ರಾಜ್ಯಶಾಸ್ತ್ರಜ್ಞ ಚಾರ್ಲ್ಸ್ ಮರ್ರೆ. ಅವರ ವಾದದ ಚರಿತ್ರೆಯನ್ನು ಒಪ್ಪುವವರೂ ಒಪ್ಪದವರೂ ತಿಳಿದಿರುವುದು ಲೇಸು.

ಮರ್ರೆಯವರು 1943ರಲ್ಲಿ ಐಯೋವಾ ಸಂಸ್ಥಾನದ ನ್ಯೂಟನ್ ಪಟ್ಟಣದಲ್ಲಿ ಜನಿಸಿದರು. ಹಾರ್ವರ್ಡಿನಲ್ಲಿ ಚರಿತ್ರೆಯನ್ನು ಓದಿ, ಸ್ವಯಂಸೇವಕರಾಗಿ ಥಾಯ್ಲೆಂಡಿಗೆ ತೆರಳಿದರು. ರಾಜಧಾನಿಯಿಂದ ಬಂದ ಯೋಜನೆಗಳಿಗಿಂತ ಹಳ್ಳಿಗರು ತಾವಾಗಿ ಮಾಡಿಕೊಂಡ ಏರ್ಪಾಡುಗಳೇ ಮೇಲೆಂಬ ಭಾವನೆ ಅಲ್ಲಿ ಅವರಲ್ಲಿ ಬೇರೂರಿತು. 1974ರಲ್ಲಿ ಎಂ.ಐ.ಟಿ.ಯಿಂದ ಡಾಕ್ಟರೇಟ್ ಪಡೆದರು.

ಅಧ್ಯಕ್ಷ ಲಿಂಡನ್ ಜಾನ್ಸನ್ 1964ರಲ್ಲಿ ಬಡತನದ ಮೇಲೆ ಸಮರ ಸಾರಿದ್ದರಷ್ಟೆ. ಇಪ್ಪತ್ತು ವರ್ಷಗಳ ತರುವಾಯ, 1984ರಲ್ಲಿ, ಮರ್ರೆಯವರ ‘ಲೂಸಿಂಗ್ ಗ್ರೌಂಡ್’ ಹೊರಬಂದಿತು. ನೆರವೇ ದುಡಿಮೆಯನ್ನೂ ಸಂಸಾರವನ್ನೂ ಸಡಿಲಗೊಳಿಸಿತು. ದುಡಿಯುವ ವಯಸ್ಸಿನವರಿಗೆ ಅದನ್ನು ನಿಲ್ಲಿಸುವುದೇ ಲೇಸು ಎಂಬುದು ಅದರ ಸಾರ. ಎದುರಾಳಿಗಳು ಸುಮ್ಮನಿರಲಿಲ್ಲ. 1970ರ ದಶಕದಲ್ಲಿ ಬೆಲೆಯೇರಿಕೆಯಿಂದ ನೆರವಿನ ನಿಜವಾದ ಮೌಲ್ಯ ಇಳಿಯುತ್ತಿದ್ದರೂ ಒಂಟಿ ತಾಯಂದಿರ ಸಂಖ್ಯೆ ಏರಿತಲ್ಲ, ಅದು ಹೇಗೆ? ಸರ್ಕಾರದ ಪಿಂಚಣಿಯಿಂದಲೇ ವೃದ್ಧರ ಬಡತನ ಬಹಳ ತಗ್ಗಿತಲ್ಲವೆ? ಆದರೂ ವಾದ ಪುಸ್ತಕದಲ್ಲಿಯೇ ಉಳಿಯಲಿಲ್ಲ. 1996ರಲ್ಲಿ ಅಧ್ಯಕ್ಷ ಕ್ಲಿಂಟನ್ ಸಹಿ ಹಾಕಿದ ಶಾಸನವು ಬಡ ಕುಟುಂಬಗಳ ನಗದು ನೆರವಿಗೆ ದುಡಿಮೆಯ ಕರಾರನ್ನೂ ಐದು ವರ್ಷಗಳ ಮಿತಿಯನ್ನೂ ವಿಧಿಸಿತು.

ಇದಕ್ಕೂ ದೊಡ್ಡ ಕೋಲಾಹಲವೆಬ್ಬಿಸಿದ್ದು ರಿಚರ್ಡ್ ಹರ್ನ್‌ಸ್ಟೈನ್ ಅವರೊಡನೆ ಬರೆದ, 1994ರ ‘ದಿ ಬೆಲ್ ಕರ್ವ್’. ಪರೀಕ್ಷೆಯಿಂದ ಅಳೆದ ಬುದ್ಧಿಶಕ್ತಿ ಬಹುಪಾಲು ವಂಶದಿಂದ ಬರುವುದು, ಬಾಳಿನ ಏಳುಬೀಳನ್ನು ಅದು ಬಲವಾಗಿ ನಿರ್ಧರಿಸುವುದು ಎಂದು ಗ್ರಂಥ ವಾದಿಸಿತು. ಜನಾಂಗಗಳ ಅಂಕಗಳ ಅಂತರಕ್ಕೂ ಪರಿಸರದೊಡನೆ ಹುಟ್ಟು ಕಾರಣವಿದ್ದೀತೆಂದು ಸೂಚಿಸಿತು. ಅಮೆರಿಕದ ಮನಶ್ಶಾಸ್ತ್ರಜ್ಞರ ಸಂಘವು ನೇಮಿಸಿದ ತಜ್ಞಮಂಡಳಿ, ಅಂಕಗಳಿಗೂ ಶಾಲೆಯ ಸಾಧನೆಗೂ ಸಂಬಂಧವುಂಟೆಂದು ಒಪ್ಪಿತು. ಕಪ್ಪುಜನರ ಮತ್ತು ಬಿಳಿಯರ ನಡುವಣ ಅಂತರಕ್ಕೆ ಹುಟ್ಟು ಕಾರಣವೆನ್ನಲು ಆಧಾರ ಸಾಲದೆಂದಿತು. ಇನ್ನೊಂದು ಮಾತು: ಇಪ್ಪತ್ತನೆಯ ಶತಮಾನದಲ್ಲಿ ಅನೇಕ ದೇಶಗಳಲ್ಲಿ ಈ ಅಂಕಗಳು ತಲೆಮಾರಿನಿಂದ ತಲೆಮಾರಿಗೆ ಏರಿದುವೆಂದು ಜೇಮ್ಸ್ ಫ್ಲಿನ್ ತೋರಿಸಿದರು. ವಂಶಗುಣ ಇಷ್ಟು ಬೇಗ ಬದಲಾಗುವುದುಂಟೆ? ಮೂರು ದಶಕ ಉತ್ತರಪತ್ರಿಕೆ ತಿದ್ದಿದ ಉಪಾಧ್ಯಾಯನಾಗಿ ನನಗೆ ತಿಳಿದಿರುವುದಿಷ್ಟು: ಅಂಕ ಹುಡುಗನ ಇಂದಿನ ನೆಲೆಯನ್ನು ಹೇಳುತ್ತದೆ, ಅವನ ಮನೆಯಲ್ಲಿ ದೀಪವಿತ್ತೆ, ಹೊಟ್ಟೆಗೆ ಊಟವಿತ್ತೆ ಎಂಬುದನ್ನು ಹೇಳದು.

ಮರ್ರೆಯವರನ್ನು ಒಂದೇ ಬಣ್ಣದಲ್ಲಿ ಚಿತ್ರಿಸಲೂ ಆಗದು. ಎಲ್ಲ ನೆರವಿನ ಯೋಜನೆಗಳಿಗೂ ಬದಲಾಗಿ ಪ್ರತಿ ವಯಸ್ಕನಿಗೂ ವರ್ಷಕ್ಕೆ 10,000 ಡಾಲರ್ ಕೊಡಿರೆಂದು 2006ರಲ್ಲಿ ಸೂಚಿಸಿದವರೂ ಅವರೇ. 2012ರ ‘ಕಮಿಂಗ್ ಅಪಾರ್ಟ್’ ಗ್ರಂಥದಲ್ಲಿ, ಬಿಳಿಯರಲ್ಲಿಯೇ ಓದಿದವರೂ ದುಡಿಮೆಗಾರರೂ ಬೇರೆ ಬೇರೆ ಲೋಕಗಳಾಗುತ್ತಿರುವುದನ್ನು ಎತ್ತಿ ತೋರಿಸಿದರು. 2017ರಲ್ಲಿ ಮಿಡಲ್‌ಬರಿ ಕಾಲೇಜಿನ ವಿದ್ಯಾರ್ಥಿಗಳು ಕೂಗೆಬ್ಬಿಸಿ ಅವರ ಭಾಷಣವನ್ನು ತಡೆದರು. ಗಲಭೆಯಲ್ಲಿ ಜೊತೆಗಿದ್ದ ಪ್ರಾಧ್ಯಾಪಕಿಗೆ ಪೆಟ್ಟಾಯಿತು. ಕೂಗು ವಾದಕ್ಕೆ ಉತ್ತರವಲ್ಲ. ಲೆಕ್ಕವನ್ನು ಲೆಕ್ಕದಿಂದಲೇ ಎದುರಿಸಿದವರ ಮಾತು ಇಂದಿಗೂ ನಿಂತಿದೆ.

ವಾಚಕರೇ, ಅಂಕಿಅಂಶಗಳ ಗ್ರಂಥ ಕೈಗೆ ಬಂದಾಗ ಎರಡು ಪ್ರಶ್ನೆ ಕೇಳಿಕೊಳ್ಳಿ. ಎರಡು ಸಂಗತಿಗಳು ಜೊತೆಯಾಗಿ ಕಂಡ ಮಾತ್ರಕ್ಕೆ ಒಂದು ಇನ್ನೊಂದಕ್ಕೆ ಕಾರಣವೆ? ತೀರ್ಪು ತಪ್ಪಾದರೆ ದಂಡ ತೆರುವವರು ಯಾರು, ಬರೆದವರೋ, ಬಡವರೋ?